ಮರಳಿ ಬಂದ ಮೋಟಾರು

ಸಿಂಗಪುರದಿಂದ ಲಂಡನ್ನಿಗೆ ನೆಲದ ಮೇಲೆಯೇ ಪ್ರಯಾಣ ಮಾಡಲು ಅರವತ್ತು ವರ್ಷ ಮೀರಿದ ಮೋಟಾರನ್ನು ಆರಿಸಿಕೊಳ್ಳುವವರು ವಿರಳ. ಬ್ರಿಟನ್ನಿನ ಸಾಕ್ಷ್ಯಚಿತ್ರಕಾರ ಅಲೆಕ್ಸ್ ಬೆಸ್ಕೊಬಿ 2019ರಲ್ಲಿ ಅಂಥದೊಂದನ್ನೇ ಆರಿಸಿಕೊಂಡರು. ಆ ಲ್ಯಾಂಡ್ ರೋವರಿನ ಹೆಸರು ‘ಆಕ್ಸ್‌ಫರ್ಡ್’. ಅದಕ್ಕೆ ಈ ಯಾತ್ರೆ ಹೊಸತಲ್ಲ.

1955ರ ಸೆಪ್ಟೆಂಬರ್ 1ರಂದು ಆಕ್ಸ್‌ಫರ್ಡ್ ಮತ್ತು ಕೇಂಬ್ರಿಜ್ ವಿಶ್ವವಿದ್ಯಾನಿಲಯಗಳ ಆರು ಮಂದಿ ತರುಣರು ಎರಡು ಗಾಡಿಗಳಲ್ಲಿ ಲಂಡನ್ನಿನಿಂದ ಸಿಂಗಪುರಕ್ಕೆ ಹೊರಟರು. ಬಿ.ಬಿ.ಸಿ.ಯಲ್ಲಿದ್ದ ಡೇವಿಡ್ ಅಟೆನ್‌ಬರೊ ಅವರಿಗೆ ಫಿಲ್ಮು ಒದಗಿಸಿದರು. ಕ್ಯಾಮೆರಾ ಹಿಡಿದವರು ಆಂಟನಿ ಬ್ಯಾರಿಂಗ್ಟನ್ ಬ್ರೌನ್. ಡಿ.ಎನ್.ಎ. ಮಾದರಿಯ ಪಕ್ಕದಲ್ಲಿ ವಾಟ್ಸನ್ ಮತ್ತು ಕ್ರಿಕ್ ಇರುವ 1953ರ ಪ್ರಸಿದ್ಧ ಛಾಯಾಚಿತ್ರವೂ ಇವರದೇ. ಅಸ್ಸಾಮಿನ ಲೇಡೊದಿಂದ ಬರ್ಮಾಕ್ಕೆ ಯುದ್ಧಕಾಲದಲ್ಲಿ ಕಡಿದ ಸ್ಟಿಲ್‌ವೆಲ್ ರಸ್ತೆ ಆ ವೇಳೆಗಾಗಲೇ ಕಾಡಿನ ಪಾಲಾಗುತ್ತಿತ್ತು. ಸೇತುವೆಯಿಲ್ಲದ ಹೊಳೆಗಳಿಗೆ ಗಾಡಿಯನ್ನಿಳಿಸಿ, ಅದನ್ನೂ ದಾಟಿ, 1956ರ ಮಾರ್ಚ್ 6ರಂದು ಅವರು ಸಿಂಗಪುರ ಸೇರಿದರು. ತಂಡದ ಟಿಮ್ ಸ್ಲೆಸರ್ ಈ ಪ್ರವಾಸವನ್ನು ‘ಫಸ್ಟ್ ಓವರ್‌ಲ್ಯಾಂಡ್’ ಎಂಬ ಗ್ರಂಥವಾಗಿ ಬರೆದರು.

‘ಕೇಂಬ್ರಿಜ್’ ಗಾಡಿ ಮುಂದೆ ಇನ್ನೊಂದು ಯಾತ್ರೆಯಲ್ಲಿ ಕಂದಕಕ್ಕುರುಳಿ ಹಾಳಾಯಿತು. ‘ಆಕ್ಸ್‌ಫರ್ಡ್’ ಪಕ್ಷಿಶಾಸ್ತ್ರಜ್ಞರೊಡನೆ ಅಟ್ಲಾಂಟಿಕ್ ಸಾಗರದ ಅಸೆನ್ಷನ್ ದ್ವೀಪಕ್ಕೆ ಹೋಗಿ, ಅಲ್ಲಿಂದ ನೆಪೋಲಿಯನ್ ಕಣ್ಮುಚ್ಚಿದ ಸೇಂಟ್ ಹೆಲೀನಾ ಸೇರಿ, ತುಕ್ಕು ಹಿಡಿದು ಬಿದ್ದಿತ್ತು. 2017ರಲ್ಲಿ ಅದನ್ನು ಇಂಗ್ಲೆಂಡಿಗೆ ತಂದು ರಿಪೇರಿ ಮಾಡಿದರು.

ಬೆಸ್ಕೊಬಿಯವರ ಸಂಕಲ್ಪವಿಷ್ಟೇ: ಅದೇ ಗಾಡಿ, ಅದೇ ಸ್ಲೆಸರ್, ಈ ಬಾರಿ ಸಿಂಗಪುರದಿಂದ ಮನೆಯ ಕಡೆಗೆ. ಆದರೆ ಎಂಬತ್ತು ದಾಟಿದ ಆ ಹಿರಿಯರು ಹೊರಡುವ ಮುನ್ನವೇ ಸಿಂಗಪುರದಲ್ಲಿ ಅಸ್ವಸ್ಥರಾದರು. ಯಂತ್ರದ ಸವೆದ ಭಾಗಗಳನ್ನು ಬದಲಿಸಬಹುದು. ಮನುಷ್ಯನ ವಯಸ್ಸಿಗೆ ಆ ಉಪಾಯವಿಲ್ಲ. ಅಜ್ಜನ ಸ್ಥಾನದಲ್ಲಿ ಮೊಮ್ಮಗ ಕುಳಿತ. ಆಗಸ್ಟ್ 25ರಂದು ಗಾಡಿ ಹೊರಟಿತು.

ದಾರಿಯೂ ಹಳೆಯದಾಗಿ ಉಳಿದಿರಲಿಲ್ಲ. ಡಮಾಸ್ಕಸ್, ಬಾಗ್ದಾದುಗಳ ಮೂಲಕ ತರುಣರು ನಿರಾತಂಕವಾಗಿ ಬಂದ ಸೀಮೆಯನ್ನು ಯುದ್ಧಗಳು ಕದಡಿದ್ದವು. ಆದುದರಿಂದ ಯಾತ್ರೆ ಈಶಾನ್ಯ ಭಾರತ, ನೇಪಾಳ, ಟಿಬೆಟ್, ಮಧ್ಯ ಏಷ್ಯಾಗಳನ್ನು ಬಳಸಿ ಸಾಗಿತು. 23 ದೇಶಗಳನ್ನು ಹಾಯ್ದು, 111 ದಿನಗಳ ಬಳಿಕ, ಡಿಸೆಂಬರ್ 14ರಂದು ‘ಆಕ್ಸ್‌ಫರ್ಡ್’ ಲಂಡನ್ನನ್ನು ಮುಟ್ಟಿತು.

ಈ ಯಾತ್ರೆಯ ಚಿತ್ರ ‘ದಿ ಲಾಸ್ಟ್ ಓವರ್‌ಲ್ಯಾಂಡ್’. ಬ್ರೌನರ ಹಳೆಯ ಚಿತ್ರದ ಜೊತೆಗಿಟ್ಟು ಇದನ್ನು ನೋಡಿದವರಿಗೆ ಒಂದು ಮಾತು ಹೊಳೆಯದಿರದು. ಅಂದು ಆರು ಮಂದಿ ತರುಣರಿಗೆ ತೆರೆದಿದ್ದ ದಾರಿ ಇಂದು ಆ ಫಿಲ್ಮಿನ ಸುರುಳಿಗಳಲ್ಲಿ ಮಾತ್ರ ಸುರಕ್ಷಿತವಾಗಿದೆ.