ಚಾಕಣದ ಕೋಟೆ, ಬಾಲೇವಾಡಿಯ ಡಿಫೆಂಡರ್

ಪುಣೆಯಿಂದ ನಾಶಿಕ್ ರಸ್ತೆ ಹಿಡಿದು ಭೋಸರಿ, ಮೋಶಿ ದಾಟಿದರೆ ಚಾಕಣ. ದೂರ ಸುಮಾರು 30 ಕಿಲೋಮೀಟರ್. ತಳೇಗಾಂವ್ ಚೌಕದ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡವರಿಗೆ ಮಾತ್ರ ಮುನ್ನೂರು ಅನ್ನಿಸುತ್ತದೆ. ಮೊದಲು ಈರುಳ್ಳಿ ಮಾರುಕಟ್ಟೆಗೆ ಹೆಸರಾಗಿದ್ದ ಊರು, 1999ರಲ್ಲಿ ಬಜಾಜ್, 2009ರಲ್ಲಿ ಫೋಕ್ಸ್‌ವ್ಯಾಗನ್ ಬಂದ ಮೇಲೆ ಗಾಡಿಗಳ ಊರಾಯಿತು. ಬೆಳಗಾವಿ, ವಿಜಯಪುರ, ಕಲಬುರಗಿ, ಬೀದರ್ ಕಡೆಯ ಹುಡುಗರು ಐಟಿಐ ಸರ್ಟಿಫಿಕೇಟು ಹಿಡಿದು ಇಲ್ಲಿಗೆ ಬರುತ್ತಾರೆ. ಶಿಫ್ಟು, ಓವರ್‌ಟೈಮು, ಕಾಂಟ್ರ್ಯಾಕ್ಟು ಮುಗಿಯುವ ತಾರೀಕು: ಚಹಾದಂಗಡಿಯ ಮುಂದೆ ನಿಂತರೆ ಕನ್ನಡದಲ್ಲಿ ಕೇಳುವ ಮಾತು ಬಹುಪಾಲು ಇಷ್ಟೇ.

ಈ ಗದ್ದಲದ ನಡುವೆಯೇ ಸಂಗ್ರಾಮದುರ್ಗವಿದೆ. ಬೆಟ್ಟದ ಮೇಲಿನದಲ್ಲ, ನೆಲಕೋಟೆ. ಈಗ ಉಳಿದಿರುವುದು ಒಂದಷ್ಟು ಗೋಡೆ, ಬುರುಜು, ಕಂದಕದ ಗುರುತು. 1660ರಲ್ಲಿ ಶಾಯಿಸ್ತಾ ಖಾನನ ದೊಡ್ಡ ಸೈನ್ಯ ಮುತ್ತಿದಾಗ ಕಿಲ್ಲೇದಾರ ಫಿರಂಗೋಜಿ ನರಸಾಳಾ ಕೆಲವೇ ನೂರು ಜನರನ್ನಿಟ್ಟುಕೊಂಡು ಸುಮಾರು 56 ದಿನ ತಡೆದು ನಿಂತ. ಕೊನೆಗೆ ಸುರಂಗಕ್ಕೆ ಮದ್ದು ತುಂಬಿ ಬುರುಜು ಹಾರಿಸಿದರು, ಕೋಟೆ ಹೋಯಿತು. ಸೋತ ಆ ಕಿಲ್ಲೇದಾರನಿಗೆ ಶಿವಾಜಿ ಮುಂದೆ ಭೂಪಾಳಗಡದ ಹೊಣೆ ಕೊಟ್ಟ.

ಚಾಕಣಕ್ಕೆ ಅಂಟಿಕೊಂಡ ಕುರುಳಿಯಲ್ಲಿ ಭಾರತ್ ಫೋರ್ಜ್‌ನ ಘಟಕವಿದೆ. ಕಲ್ಯಾಣಿ ಗ್ರೂಪಿನ ಕಂಪನಿ ಇದು. ಅದೇ ಗ್ರೂಪಿನ ಉಕ್ಕಿನ ಕಾರ್ಖಾನೆ ನಮ್ಮ ಕೊಪ್ಪಳದ ಗಿಣಿಗೇರಿಯಲ್ಲಿದೆ. ಈ ಗ್ರೂಪು 2014ರಲ್ಲಿ ಫುಟ್‌ಬಾಲಿಗೂ ಕೈಹಾಕಿ ಭಾರತ್ ಎಫ್‌ಸಿ ಎಂಬ ತಂಡ ಕಟ್ಟಿತು. ತವರು ಮೈದಾನ ಬಾಲೇವಾಡಿ, ಮುಂಬೈ–ಬೆಂಗಳೂರು ಹೆದ್ದಾರಿಯ ಪಕ್ಕದ ಕ್ರೀಡಾ ಸಂಕೀರ್ಣ. ಊರಿಗೆ ಹೋಗುವ ಬಸ್ಸಿನ ಕಿಟಕಿಯಿಂದ ನೀವೂ ನೋಡಿರುತ್ತೀರಿ.

ಆ ತಂಡಕ್ಕೆ ಬಂದವನು ಬಾಬಿ ಹ್ಯಾಸೆಲ್. 1980ರಲ್ಲಿ ಇಂಗ್ಲೆಂಡಿನ ಡರ್ಬಿಯಲ್ಲಿ ಹುಟ್ಟಿದ ಡಿಫೆಂಡರ್. ಟಿವಿಯಲ್ಲಿ ನಾವು ನೋಡುವ ಪ್ರೀಮಿಯರ್ ಲೀಗಿನ ಕೆಳಗೆ ಅಲ್ಲಿ ಇನ್ನೂ ಮೂರು ಮೆಟ್ಟಿಲಿನ ವೃತ್ತಿಪರ ಲೀಗುಗಳಿವೆ. ಹ್ಯಾಸೆಲ್ ಬಾಳಿದ್ದು ಆ ಮೆಟ್ಟಿಲುಗಳ ಮೇಲೆ. ಮೊದಲು ಮ್ಯಾನ್ಸ್‌ಫೀಲ್ಡ್ ಟೌನ್, 2004ರಿಂದ ಹತ್ತು ವರ್ಷ ಬಾರ್ನ್ಸ್‌ಲಿ. ಎರಡೂ ಕಲ್ಲಿದ್ದಲ ಗಣಿಯ ಸೀಮೆಯ ಊರುಗಳು. ಗಣಿ ಮುಚ್ಚಿದ ಊರಿನಲ್ಲಿ ಶನಿವಾರದ ಪಂದ್ಯ ಅಂದರೆ ಏನೆಂದು ಕೆಜಿಎಫ್‌ನವರಿಗೆ ಬಿಡಿಸಿ ಹೇಳಬೇಕಿಲ್ಲ.

ದೊಡ್ಡ ದಿನಗಳೂ ಬಂದವು. 2004ರಲ್ಲಿ ಮ್ಯಾನ್ಸ್‌ಫೀಲ್ಡ್ ಬಡ್ತಿಯ ಫೈನಲ್ಲನ್ನು ಪೆನಾಲ್ಟಿಯಲ್ಲಿ ಕಳೆದುಕೊಂಡಿತು. 2006ರಲ್ಲಿ ಬಾರ್ನ್ಸ್‌ಲಿ ಅಂಥದೇ ಫೈನಲ್ಲನ್ನು ಪೆನಾಲ್ಟಿಯಲ್ಲೇ ಗೆದ್ದು ಎರಡನೆಯ ದರ್ಜೆಗೆ ಏರಿತು. 2008ರ ಎಫ್‌ಎ ಕಪ್ಪಿನಲ್ಲಿ ಅದೇ ಬಾರ್ನ್ಸ್‌ಲಿ ಲಿವರ್‌ಪೂಲನ್ನು ಅವರ ಮನೆಯಂಗಳದಲ್ಲೇ 2–1ರಿಂದ, ನಂತರ ಚೆಲ್ಸಿಯನ್ನು 1–0ಯಿಂದ ಮಣಿಸಿ ಸೆಮಿಫೈನಲ್ ಕಂಡಿತು. ಗೋಲು ಹೊಡೆದವರ ಹೆಸರು ಜನರ ಬಾಯಲ್ಲಿ ಉಳಿಯಿತು. ಡಿಫೆಂಡರ್ ತಪ್ಪಿಸಿದ ಗೋಲು ಯಾವ ಲೆಕ್ಕದಲ್ಲೂ ಬರುವುದಿಲ್ಲ. ಅವನ ಕೆಲಸ ಕಣ್ಣಿಗೆ ಬೀಳುವುದು ತಪ್ಪಿದಾಗ ಮಾತ್ರ. ಫ್ಯಾಕ್ಟರಿಯ ಕ್ವಾಲಿಟಿ ಲೈನಿನಲ್ಲಿ ಕೂತವರಿಗೆ ಈ ಮಾತು ಥಟ್ಟನೆ ತಿಳಿಯುತ್ತದೆ.

2014ರಲ್ಲಿ ಬಾರ್ನ್ಸ್‌ಲಿಯ ನಂಟು ಮುಗಿಯಿತು. ಮ್ಯಾನ್ಸ್‌ಫೀಲ್ಡಿನಲ್ಲಿ ಹಿಂದೆ ತನ್ನ ಮ್ಯಾನೇಜರ್ ಆಗಿದ್ದ ಸ್ಟುವರ್ಟ್ ವಾಟ್ಕಿಸ್ ಭಾರತ್ ಎಫ್‌ಸಿಯ ಕೋಚ್ ಆಗಿದ್ದರಿಂದ ಹ್ಯಾಸೆಲ್ ಪುಣೆಯ ದಾರಿ ಹಿಡಿದ. ಪರಿಚಯದವರೊಬ್ಬರು ಮೊದಲು ಬಂದು ಆಮೇಲೆ ಇನ್ನೊಬ್ಬರನ್ನು ಕರೆಸಿಕೊಳ್ಳುವುದು ನಮ್ಮ ವಲಸೆಯ ರೀತಿಯೂ ಹೌದಲ್ಲವೇ? ಅದೇ ಕಾಲಕ್ಕೆ ಬೆಂಗಳೂರು ಎಫ್‌ಸಿಯಲ್ಲೂ ಇಂಗ್ಲೆಂಡಿನ ಕೆಳಲೀಗುಗಳಿಂದ ಬಂದ ಇಬ್ಬರು ಡಿಫೆಂಡರುಗಳಿದ್ದರು: ಕೋಚ್ ಆ್ಯಶ್ಲಿ ವೆಸ್ಟ್‌ವುಡ್, ಆಟಗಾರ ಜಾನ್ ಜಾನ್ಸನ್. ಅವರ ತಂಡ 2013–14ರಲ್ಲಿ, ಆಡಿದ ಮೊದಲ ಋತುವಿನಲ್ಲೇ ಐ-ಲೀಗ್ ಗೆದ್ದಿತು. ಕಂಠೀರವದ ಜನ ಜಾನ್ಸನ್ನನನ್ನು ಮನೆಮಗನ ಹಾಗೆ ಕಂಡರು.

ಪುಣೆಯ ತಂಡಕ್ಕೆ ಆ ಯೋಗವಿರಲಿಲ್ಲ. ಐ-ಲೀಗಿನ ಹನ್ನೊಂದು ತಂಡಗಳಲ್ಲಿ ಹನ್ನೊಂದನೆಯದಾಗಿ ಮುಗಿಸಿತು. ನೇರ ಪ್ರವೇಶ ಪಡೆದ ತಂಡವಾದ್ದರಿಂದ ನಿಯಮದಂತೆ ಹಿಂಬಡ್ತಿ ಇರಲಿಲ್ಲ. ಆದರೂ ಎರಡನೆಯ ಋತುವಿಗೆ ತಂಡವೇ ಉಳಿಯಲಿಲ್ಲ. ಪುಣೆ ಎಫ್‌ಸಿಯೂ ಅದೇ ಹೊತ್ತಿಗೆ ಲೀಗಿನಿಂದ ಹೊರಬಿತ್ತು. 2019ರಲ್ಲಿ ಎಫ್‌ಸಿ ಪುಣೆ ಸಿಟಿಯ ಜಾಗ ಹೈದರಾಬಾದಿನ ಪಾಲಾಯಿತು. ಬಾಲೇವಾಡಿಯ ಹುಲ್ಲು ಮಾತ್ರ ಇದ್ದಲ್ಲೇ ಇದೆ.

ಹ್ಯಾಸೆಲ್ ಮತ್ತೆ ಬಾರ್ನ್ಸ್‌ಲಿ ಸೇರಿ ಮುಂದೆ ಅಲ್ಲಿನ ಎಳೆಯರ ಅಕಾಡೆಮಿಯ ಮುಖ್ಯಸ್ಥನಾದ. ಕೊನೆಯ ಸ್ಥಾನ, ಮುಚ್ಚಿದ ತಂಡ ಇವೆಲ್ಲ ಕಾಗದದಲ್ಲಿ ಉಳಿದವು. ಹತ್ತು ವರ್ಷ ಹಿಂದಿನ ಸಾಲಿನಲ್ಲಿ ನಿಂತು ಕಾದವನ ಬೆಲೆ ಗೊತ್ತಿದ್ದವರು ತಮ್ಮ ಮಕ್ಕಳನ್ನು ಅವನ ಕೈಗೆ ಕೊಟ್ಟರು. ಚಾಕಣದಲ್ಲಿ ಕಾಂಟ್ರ್ಯಾಕ್ಟು ಮುಗಿಸಿ ಮುಂದಿನ ಗೇಟು ಹುಡುಕುವ ನಮ್ಮ ಹುಡುಗರಿಗೆ, ಭಾನುವಾರ ಬಿಡುವಾದರೆ ಸಂಗ್ರಾಮದುರ್ಗಕ್ಕೊಮ್ಮೆ ಹೋಗಿ ಬನ್ನಿ ಎನ್ನುತ್ತೇನೆ. ಟಿಕೆಟ್ಟಿಗಾಗಿ ನೂಕುನುಗ್ಗಲಿಲ್ಲ, ಗೈಡ್ ಬೇಕಿಲ್ಲ. ಬಿದ್ದ ಬುರುಜಿಗಿಂತ ಅದು ನಿಂತಿದ್ದ 56 ದಿನಗಳನ್ನೇ ಜನ ಇಂದಿಗೂ ಎಣಿಸುತ್ತಾರೆ.