ಗಾಜಿನ ಹೆಂಚು

ಊರಲ್ಲಿ ಹಳೇ ಮನೆ ಕೆಡವಿಸಿದ್ದು ನಾನೇ. ಕೆಲಸಕ್ಕೆ ಸೇರಿದ ಮೂರನೇ ವರ್ಷ, ಬೋನಸ್ಸಿಗೆ ಒಂದಿಷ್ಟು ಸಾಲ ಸೇರಿಸಿ ಆರ್‌ಸಿಸಿ ಹಾಕಿಸಿದೆ. ಹೆಂಚಿನ ಮನೆ ಕತ್ತಲೆ ಅನ್ನೋದು ನನ್ನ ದೂರು. ಬೆಂಗಳೂರಿನ ಗೆಳೆಯರು ಬಂದ್ರೆ ಹಟ್ಟಹಗಲಲ್ಲೇ ಬಲ್ಬು ಹಾಕಬೇಕಿತ್ತು, ನಾಚಿಕೆ ಆಗ್ತಿತ್ತು. ಈಗ ರೂಮಿಗೆ ಎರಡೆರಡು ಎಲ್‌ಇಡಿ. ಆದ್ರೂ ಅವ್ವ ಅಕ್ಕಿ ಆರಿಸೋಕೆ ಮೊರ ಹಿಡ್ಕೊಂಡು ಜಗಲಿಗೇ ಬರ್ತಾಳೆ. ‘ಒಳಗೆ ಕಲ್ಲು ಕಾಣಲ್ಲ ಕಣೋ’ ಅಂತಾಳೆ. ವಯಸ್ಸಾಯ್ತು, ಕಣ್ಣು ತೋರಿಸ್ಬೇಕು ಅಂದುಕೊಂಡಿದ್ದೆ.

ಅವಳ ಮಾತು ತಲೆಗೆ ಹೋಗಿದ್ದು ‘ವೀಡು’ ನೋಡಿದಾಗ. 1988ರ ತಮಿಳು ಸಿನಿಮಾ. ವೀಡು ಅಂದ್ರೆ ಮನೆ. ಕೆಲಸಕ್ಕೆ ಹೋಗುವ ಹುಡುಗಿಯೊಬ್ಬಳು ಸಾಲ ಸೋಲ ಮಾಡಿ ಮನೆ ಕಟ್ಟೋಕೆ ಒದ್ದಾಡೋದಷ್ಟೇ ಕಥೆ. ಹಾಡಿಲ್ಲ, ಫೈಟಿಲ್ಲ. ಇಎಂಐ ಕಟ್ಟೋರು ನೋಡಿದ್ರೆ ಹೊಟ್ಟೆಯೊಳಗೆ ಸಂಕಟ ಆಗುತ್ತೆ. ಅವಳ ತಾತ ಅರ್ಧ ಕಟ್ಟಿದ ಮನೆಯೊಳಗೆ ಒಬ್ಬನೇ ಓಡಾಡ್ತಾ ಗೋಡೆ ಮುಟ್ಟಿ ಮುಟ್ಟಿ ನೋಡುವ ದೃಶ್ಯವೊಂದಿದೆ. ಅಲ್ಲಿ ಲೈಟು ಹಾಕಿದಾರೆ ಅಂತ ಅನ್ನಿಸೋದೇ ಇಲ್ಲ. ಹೊರಗಿನ ಹಗಲು ತಾನಾಗಿ ಒಳಗೆ ಬಂದು ಮುದುಕನ ಪಕ್ಕ ನಿಂತಂಗಿದೆ. ನಮ್ಮ ಹಳೇ ಅಡುಗೆಮನೆಯ ಬೆಳಕು ಅದು!

ನಿರ್ದೇಶನ, ಕ್ಯಾಮೆರಾ ಎರಡೂ ಬಾಲು ಮಹೇಂದ್ರ ಅವರದ್ದು. ಶ್ರೀಲಂಕಾದ ತಮಿಳರು, ಕಲಿತಿದ್ದು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ. ಛಾಯಾಗ್ರಾಹಕರಾಗಿ ಮೊದಲ ಸಿನಿಮಾ ಮಲಯಾಳಂನ ‘ನೆಲ್ಲು’. ನಿರ್ದೇಶಕರಾಗಿ ಮೊದಲನೇದು ನಮ್ಮ ಕನ್ನಡದ್ದೇ: 1977ರ ಕಪ್ಪುಬಿಳುಪು ‘ಕೋಕಿಲ’. ಅದರ ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ ‘ಮೂನ್ರಾಂ ಪಿರೈ’ಗೆ ಮತ್ತೊಂದು. ಮಣಿರತ್ನಂ ಅವರ ಮೊದಲ ಚಿತ್ರ ‘ಪಲ್ಲವಿ ಅನುಪಲ್ಲವಿ’ಗೂ ಕ್ಯಾಮೆರಾ ಇವರೇ. ಅದರ ಹಾಡು ನಮಗೆಲ್ಲ ಬಾಯಿಪಾಠ. ಕ್ಯಾಮೆರಾ ಯಾರದ್ದು ಅಂತ ನಾನಂತೂ ಒಮ್ಮೆಯೂ ಕೇಳಿರಲಿಲ್ಲ.

ಸ್ಟುಡಿಯೋ ಲೈಟು ಸುರಿದು ಮುಖ ಹೊಳೆಸೋ ಕಾಲದಲ್ಲಿ ಈ ಮನುಷ್ಯ ಕಿಟಕಿ, ಬಾಗಿಲಿಂದ ಬರುವ ಬೆಳಕನ್ನ ನೆಚ್ಚಿಕೊಂಡಿದ್ರು. ಸುಲಭ ಅಲ್ಲ. ಆಗಿನ ಫಿಲ್ಮಿಗೆ ಕತ್ತಲಲ್ಲಿ ಈಗಿನ ಮೊಬೈಲಷ್ಟೂ ಕಣ್ಣು ಕಾಣ್ತಿರಲಿಲ್ಲ. ತಪ್ಪಾಗಿದ್ಯಾ ಅಂತ ಅಲ್ಲೇ ಪರದೆ ಮೇಲೆ ನೋಡೋ ಹಾಗೂ ಇಲ್ಲ, ಲ್ಯಾಬಿಂದ ಬಂದ ಮೇಲೇ ಗೊತ್ತಾಗೋದು. ನಮ್ಮ ಹಾಗೆ ಪ್ರೊಡಕ್ಷನ್ನಿಗೆ ಹೋದ್ಮೇಲೆ ಬಗ್ ಸರಿ ಮಾಡೋ ಭಾಗ್ಯ ಇರಲಿಲ್ಲ ಪಾಪ. ಬೆಳಕು ಒಂದು ಕಡೆಯಿಂದ ಬಿದ್ರೆ ಇನ್ನೊಂದು ಕಡೆ ನೆರಳು ನಿಲ್ಲುತ್ತೆ, ಮುಖಕ್ಕೆ ಉಬ್ಬುತಗ್ಗು ಬರುತ್ತೆ. ಎಲ್ಲಾ ಕಡೆಯಿಂದ ಸುರಿದ್ರೆ ಎಲ್ಲಾ ಚಪ್ಪಟೆ.

ಮೊರದಲ್ಲಿನ ಕಲ್ಲೂ ಅಷ್ಟೇ ತಾನೆ? ನೆರಳಿಲ್ಲದಿದ್ರೆ ಅದೂ ಅಕ್ಕಿಯೇ. ಹಳೇ ಮನೆಯಲ್ಲಿ ಗಾಜಿನ ಹೆಂಚಿನಿಂದ ಓರೆಯಾಗಿ ಒಂದೇ ಕೋಲು ಬಿಸಿಲು ಇಳಿಯೋದು. ಅವ್ವ ಅದು ಸರಿದ ಹಾಗೆ ಮಣೆ ಸರಿಸ್ಕೊಂಡು ಕೂರ್ತಿದ್ಲು.

ಹೋದ ತಿಂಗಳು ಮೇಸ್ತ್ರಿ ಹತ್ರ ಮೇಲೆ ಒಂದು ಬೆಳಕಿಂಡಿ ಕೊರೆಯೋಕಾಗುತ್ತಾ ಅಂತ ಕೇಳಿದೆ. ‘ಸ್ಲ್ಯಾಬ್ ಒಡೆದ್ರೆ ಸೋರುತ್ತೆ ಸಾರ್’ ಅಂದ. ಅವ್ವ ಏನೂ ಹೇಳಲಿಲ್ಲ. ಕೊಟ್ಟಿಗೆಗೆ ಹೋದಾಗ ನೋಡಿದೆ, ಆ ಗಾಜಿನ ಹೆಂಚನ್ನ ತೊಳೆದು ಗೋಡೆಗೆ ಒರಗಿಸಿಟ್ಟಿದ್ದಾಳೆ.