ಗರಿಗರಿ ಏಡಿ ಕೇಕ್

ಅಮೆರಿಕದ ಪೂರ್ವ ಕರಾವಳಿಯ ಚೆಸಪೀಕ್ ಕೊಲ್ಲಿಯಲ್ಲಿ ಸಿಗುವ ನೀಲಿ ಏಡಿಗೆ 1896ರಲ್ಲಿ ಪ್ರಾಣಿವಿಜ್ಞಾನಿ ಮೇರಿ ರಾತ್‌ಬನ್ ಕೊಟ್ಟ ಹೆಸರು ಕ್ಯಾಲಿನೆಕ್ಟಿಸ್ ಸ್ಯಾಪಿಡಸ್. ರುಚಿಯಾದ, ಚೆಲುವಾದ ಈಜುಗಾರ ಎಂದು ಅದರ ಅರ್ಥ. ಮೇರಿಲ್ಯಾಂಡ್ ರಾಜ್ಯದ ಹೆಮ್ಮೆಯ ತಿನಿಸಾದ ಕ್ರ್ಯಾಬ್ ಕೇಕ್‌ನ ಗುಟ್ಟು ಈ ಹೆಸರಿನಲ್ಲೇ ಇದೆ. ಏಡಿಯ ಕೊನೆಯ ಜೋಡಿ ಕಾಲುಗಳು ಹುಟ್ಟಿನಂತೆ ಚಪ್ಪಟೆ. ಅವನ್ನು ಬೀಸಿ ಈಜಲು ಬೇಕಾದ ಎರಡು ದಪ್ಪ ಸ್ನಾಯುಗಳು ಚಿಪ್ಪಿನೊಳಗೆ ಹಿಂಬದಿಯಲ್ಲಿವೆ. ಮಾರುಕಟ್ಟೆಯಲ್ಲಿ ಜಂಬೊ ಲಂಪ್ ಎಂದು ಎಲ್ಲಕ್ಕಿಂತ ದುಬಾರಿಗೆ ಮಾರಾಟವಾಗುವುದು ಈ ಎರಡು ತುಂಡುಗಳೇ. ಕೊಂಡಿಯ ಮಾಂಸ ಕಂದುಬಣ್ಣದ್ದು, ರುಚಿ ಗಾಢ, ಬೆಲೆ ಕಡಿಮೆ.

ಕೇಕ್ ಎಂದರೂ ಇದು ಸಿಹಿಯಲ್ಲ, ನೋಡಲು ಕಟ್ಲೆಟ್‌ನಂತೆ. ಆದರೆ ಕಟ್ಲೆಟ್‌ಗೆ ಆಲೂಗಡ್ಡೆಯ ಆಸರೆಯಿದೆ, ಇದಕ್ಕಿಲ್ಲ. ಬಾಯಿಗೆ ಏಡಿಯೇ ಸಿಗಬೇಕು, ಹಿಟ್ಟಲ್ಲ. ಹಾಗಿದ್ದೂ ಬಾಣಲೆಯಲ್ಲಿ ಒಡೆಯಬಾರದು. ಮನೆಯಲ್ಲಿ ಮಾಡುವವರು ಎಡವುವುದು ಇಲ್ಲಿಯೇ: ಒಡೆದೀತೆಂಬ ಭಯಕ್ಕೆ ಬ್ರೆಡ್ ಪುಡಿ ಸುರಿದುಬಿಡುತ್ತಾರೆ.

450 ಗ್ರಾಂ ಮಾಂಸಕ್ಕೆ ಒಂದು ಮೊಟ್ಟೆ, ಕಾಲು ಕಪ್ ಮಯೊನೆಸ್, ಒಂದೊಂದು ಚಮಚ ಸಾಸಿವೆ ಪೇಸ್ಟ್ ಮತ್ತು ವೂಸ್ಟರ್‌ಶೈರ್ ಸಾಸ್, ಹೆಚ್ಚಿದ ಪಾರ್ಸ್ಲಿ, ಹತ್ತು ಹನ್ನೆರಡು ಉಪ್ಪು ಬಿಸ್ಕತ್ತಿನ ಪುಡಿ ಸಾಕು. ಮಸಾಲೆಗೆ ಓಲ್ಡ್ ಬೇ. ನಾಜಿ ಜರ್ಮನಿಯಿಂದ ತಪ್ಪಿಸಿಕೊಂಡು ಬಾಲ್ಟಿಮೋರ್ ಸೇರಿದ ಯಹೂದಿ ಮಸಾಲೆ ವ್ಯಾಪಾರಿ ಗುಸ್ತಾವ್ ಬ್ರುನ್ ರೂಪಿಸಿದ ಪುಡಿಯಿದು. ಅದು ಸಿಗದಿದ್ದರೆ ಸೆಲೆರಿ ಉಪ್ಪು, ಕೆಂಪು ಮೆಣಸಿನ ಪುಡಿ, ಕಾಳುಮೆಣಸು ಬೆರೆಸಿದರೂ ಹತ್ತಿರದ ರುಚಿ ಬರುತ್ತದೆ.

ಏಡಿ ಮಾಂಸ ಮೊದಲೇ ಹಬೆಯಲ್ಲಿ ಬೆಂದಿರುತ್ತದೆ. ಅದನ್ನು ತಟ್ಟೆಯಲ್ಲಿ ಹರಡಿ, ಬೆರಳಿನಿಂದ ಮೆಲ್ಲಗೆ ತಡವಿ, ಚಿಪ್ಪಿನ ಚೂರುಗಳನ್ನು ಆರಿಸಬೇಕು; ಎಷ್ಟು ಒಳ್ಳೆಯ ಡಬ್ಬಿಯಲ್ಲೂ ಒಂದೆರಡು ಉಳಿದಿರುತ್ತವೆ. ನೀರಿನಂಶವಿದ್ದರೆ ಬಟ್ಟೆಯ ಮೇಲಿಟ್ಟು ಹೀರಿಸಬೇಕು. ಮಾಂಸ ಬಿಟ್ಟು ಉಳಿದದ್ದನ್ನೆಲ್ಲ ಮೊದಲು ಕಲಸಿಕೊಂಡು, ಕೊನೆಗೆ ಮಾಂಸ ಸೇರಿಸಿ, ಅಡಿಯಿಂದ ಮೇಲಕ್ಕೆ ಎತ್ತಿ ಮಗುಚಬೇಕು. ನಾದಿದರೆ ಜಂಬೊ ಲಂಪ್‌ಗೆ ಕೊಟ್ಟ ಹಣ ನೀರುಪಾಲು.

ಎರಡೂವರೆ ಸೆಂಟಿಮೀಟರ್ ದಪ್ಪಕ್ಕೆ ಬಿಲ್ಲೆ ಮಾಡಿ, ಒಂದು ಗಂಟೆ ಫ್ರಿಜ್‌ನಲ್ಲಿಡುವುದು ತಪ್ಪಿಸಬಾರದ ಹಂತ. ಆ ಹೊತ್ತಿನಲ್ಲಿ ಬಿಸ್ಕತ್ತಿನ ಪುಡಿ ಮೊಟ್ಟೆಯ ತೇವವನ್ನು ಹೀರಿ ಉಬ್ಬುತ್ತದೆ, ಮಯೊನೆಸ್ ಬಿಗಿಯುತ್ತದೆ. ಬಾಣಲೆಗೆ ಬಿದ್ದ ಮೇಲೆ ಮೊಟ್ಟೆಯ ಪ್ರೋಟೀನು ಗಟ್ಟಿಯಾಗುವವರೆಗೆ ಬಿಲ್ಲೆಯನ್ನು ಹಿಡಿದಿಡುವುದು ಈ ತಣ್ಣನೆಯ ಬಿಗಿಯೇ.

ಗರಿಗರಿಯಾಗಬೇಕಾದರೆ ಮೇಲ್ಮೈ ಒಣಗಬೇಕು. ತೇವ ಇರುವವರೆಗೆ ಅಲ್ಲಿನ ಶಾಖ 100 ಡಿಗ್ರಿ ಸೆಲ್ಸಿಯಸ್ ದಾಟುವುದಿಲ್ಲ; ಕಂದುಬಣ್ಣ, ಹುರಿದ ಘಮ ಚೆನ್ನಾಗಿ ಬರುವುದು ಸುಮಾರು 140 ದಾಟಿದ ಮೇಲೆ. ಆದ್ದರಿಂದ ಬಿಲ್ಲೆಯ ಎರಡೂ ಬದಿಗೆ ತೆಳ್ಳಗೆ ಬಿಸ್ಕತ್ತಿನ ಪುಡಿ ಒತ್ತಿ, ದಪ್ಪ ತಳದ ಕಬ್ಬಿಣದ ಬಾಣಲೆಯಲ್ಲಿ ಚೆನ್ನಾಗಿ ಕಾದ ಕೊಬ್ಬಿಗೆ ಇಳಿಸಬೇಕು. ಬೆಣ್ಣೆಯೊಂದನ್ನೇ ಹಾಕಿದರೆ ಅದರ ಹಾಲಿನಂಶ ಸೀದು ಕಹಿಯಾಗುತ್ತದೆ. ತುಪ್ಪದಲ್ಲಿ ಆ ತೊಂದರೆಯಿಲ್ಲ, ಬೆಣ್ಣೆಯ ಪರಿಮಳವೂ ಉಳಿಯುತ್ತದೆ. ಈ ಕೆಲಸಕ್ಕೆ ಅದಕ್ಕಿಂತ ಒಳ್ಳೆಯದಿಲ್ಲ. ಬಾಣಲೆ ತುಂಬುವಷ್ಟು ಬಿಲ್ಲೆ ಹಾಕಿದರೆ ಹಬೆ ಕಟ್ಟಿಕೊಂಡು ಹೊರಪದರ ಮೆತ್ತಗಾಗುತ್ತದೆ. ಪ್ರತಿ ಬದಿಗೆ ನಾಲ್ಕು ನಿಮಿಷ, ಮಗುಚುವುದು ಒಂದೇ ಸಲ, ಅಗಲವಾದ ಸಟ್ಟುಗದಿಂದ. ನಡುಭಾಗವೂ ಬಿಸಿಯಾಗಿ ಮೊಟ್ಟೆ ಬೆಂದಿರಬೇಕು.

ಮಂಗಳೂರು ಕಡೆ ತುಳುವಿನಲ್ಲಿ ಡೆಂಜಿ, ಕೊಂಕಣಿಯಲ್ಲಿ ಕುರ್ಲಿ ಎನ್ನುವ ಕಡಲೇಡಿಯಿಂದಲೂ ಇದನ್ನು ಮಾಡಬಹುದು. ಅದೂ ಈಜುವ ಏಡಿಯೇ, ಹಿಂಗಾಲಿನ ಬುಡದಲ್ಲಿ ಅಂಥದೇ ಬಿಳಿ ತುಂಡು ಸಿಗುತ್ತದೆ. ಬೇಯಿಸಿ ಆರಿದ ಮೇಲೆ ಚಿಪ್ಪು ತೆಗೆದು, ಕಿವಿರು ಕಿತ್ತು, ದೇಹವನ್ನು ಎರಡಾಗಿ ಮುರಿದು ಮಾಂಸ ಬಿಡಿಸುವುದು ತಾಳ್ಮೆಯ ಕೆಲಸ. ನಾಲ್ಕು ಬಿಲ್ಲೆಗೆ ಬುಟ್ಟಿ ತುಂಬ ಏಡಿ ಬೇಕಾಗುತ್ತದೆ. ಬಡಿಸುವಾಗ ನಿಂಬೆಹೋಳು ಪಕ್ಕದಲ್ಲಿರಲಿ. ರಸವನ್ನು ಮೊದಲೇ ಹಿಂಡಿಟ್ಟರೆ ಗರಿ ಹೋಗುತ್ತದೆ.